ತಟ್ಟೆ ತೊಳೆಯುವ ಸಿಪಾಯಿಗಳು

ಪತ್ರ: 1898ರ ಅಮೆರಿಕ-ಸ್ಪೇನ್ ಯುದ್ಧದ ಮೂಕಿ ಚಿತ್ರಗಳ ಬಗ್ಗೆ ಬರೆದಿದ್ದಿರಿ. ಹುಡುಕಿ ನೋಡಿದೆ. ಸಿಪಾಯಿಗಳು ಮುಖ ತೊಳೀತಾರೆ, ತಟ್ಟೆ ತೊಳೀತಾರೆ, ಅಷ್ಟೇ! ಕ್ಯಾಮೆರಾದವರಿಗೆ ಯುದ್ಧಕ್ಕೆ ಹೋಗಲು ಭಯವೇ? ಸೈನ್ಯದಲ್ಲಿದ್ದ ನಮ್ಮ ತಂದೆಯವರೂ ನೋಡಿ ನಕ್ಕರು.
— ಓದುಗರೊಬ್ಬರು, ಶಿವಮೊಗ್ಗ

ಉತ್ತರ: ಭಯ ಅನ್ನಬೇಡಿ ಸಾರ್. ಅದನ್ನು ತೆಗೆದ ವಿಲಿಯಂ ಪೇಲಿ ಯುದ್ಧ ನಡೆದ ಕ್ಯೂಬಾಕ್ಕೂ ಹೋಗಿದ್ದರು. ಅಮೆರಿಕದ ಸೈನ್ಯ ಅಲ್ಲಿನ ದೈಕಿರಿ ತೀರದಲ್ಲಿ ಇಳಿದದ್ದನ್ನು ಚಿತ್ರಿಸಿ ಸ್ಯಾಂಟಿಯಾಗೊ ಊರಿನ ಕಡೆ ಹೊರಟಾಗ ದಾರಿಯಲ್ಲಿ ಗಾಡಿ ಮುರಿಯಿತು. ರಾತ್ರಿಯೆಲ್ಲ ಮಳೆ. ಕ್ಯಾಮೆರಾ ಕೆಟ್ಟಿತು, ಅವರಿಗೆ ಜ್ವರ ಬಂತು. ಅಲ್ಲಿಗೆ ಮುಗಿಯಿತು.

ಅದಕ್ಕೆ ಮೊದಲು ಅಮೆರಿಕದ ಸೈನ್ಯ ಹಡಗಿಗಾಗಿ ಫ್ಲೋರಿಡಾದ ಟ್ಯಾಂಪಾದಲ್ಲಿ ವಾರಗಟ್ಟಲೆ ಕಾದಿತ್ತು. ಎಡಿಸನ್ ಕಂಪನಿಗಾಗಿ ಪೇಲಿ ಅಲ್ಲಿ ಕ್ಯಾಮೆರಾ ಇಟ್ಟರು. ಒಂದು ರೀಲು ಓಡುತ್ತಿದ್ದದ್ದು ಒಂದು ನಿಮಿಷಕ್ಕೂ ಕಮ್ಮಿ. ಕ್ಯಾಮೆರಾ ಭಾರ, ಸ್ಟ್ಯಾಂಡಿನ ಮೇಲೆ ನಿಲ್ಲಿಸಲೇಬೇಕು, ಬಿಸಿಲೂ ಚೆನ್ನಾಗಿರಬೇಕು. ಗುಂಡು ಹಾರುವ ಕಡೆ ಇದೆಲ್ಲ ಆಗುತ್ತಾ? ಹಾಗಾಗಿ ಜನಕ್ಕೆ ಬೇಕಾದ 'ಯುದ್ಧ'ವನ್ನು ಚಿತ್ರ ಕಂಪನಿಯವರು ಊರಲ್ಲೇ ತಯಾರಿಸಿದರು. ನ್ಯೂಜೆರ್ಸಿಯ ಬಯಲಿನಲ್ಲಿ ಹುಸಿ ಕಾಳಗ ಆಡಿಸಿದರು. ಬ್ಲ್ಯಾಕ್‌ಟನ್ ಮತ್ತು ಸ್ಮಿತ್ ಎಂಬ ಚಿತ್ರ ತಯಾರಕರ ಜೋಡಿ ಕಾಗದದಲ್ಲಿ ಕತ್ತರಿಸಿದ ಹಡಗುಗಳನ್ನು ನೀರಲ್ಲಿ ತೇಲಿಬಿಟ್ಟು, ಸಿಗಾರ್ ಹೊಗೆ ಬಿಟ್ಟು ನೌಕಾಯುದ್ಧವನ್ನೇ ಮುಗಿಸಿತು! ಅವುಗಳ ಮುಂದೆ ನನಗೆ ತಟ್ಟೆ ತೊಳೆಯುವ ಸಿಪಾಯಿಯೇ ಜಾಸ್ತಿ ನಿಜ ಅನ್ನಿಸುತ್ತಾನೆ.

ಇನ್ನೊಂದು ಮಾತು. ಆ ಯುದ್ಧದಲ್ಲಿ ಹೋರಾಡುತ್ತಾ ಸತ್ತ ಅಮೆರಿಕನ್ನರು 400ಕ್ಕಿಂತ ಕಮ್ಮಿ. ಕಾಯಿಲೆಗೆ ಸತ್ತವರು 2,000ಕ್ಕೂ ಜಾಸ್ತಿ. ಎಷ್ಟೋ ಹುಡುಗರು ಕ್ಯೂಬಾದ ಮುಖವನ್ನೇ ನೋಡದೆ ತಮ್ಮ ದೇಶದ ಕ್ಯಾಂಪುಗಳಲ್ಲೇ ಟೈಫಾಯ್ಡ್‌ಗೆ ಬಲಿಯಾದರು. ಕೊಳಕು ಕೈ, ನೊಣ, ಕೆಟ್ಟ ನೀರು. ಇದು ಗೊತ್ತಾದ ಮೇಲೆ ಆ ಬೋಗುಣಿಯ ನೀರನ್ನು ನೋಡಿ ನಗೋಕೆ ನನ್ನಿಂದ ಆಗಲಿಲ್ಲ.

ಈ ತುಣುಕುಗಳು ಉಳಿದದ್ದೇ ಒಂದು ತಮಾಷೆ. ಆಗ ಅಲ್ಲಿನ ಕಾಪಿರೈಟ್ ಕಾನೂನಿನಲ್ಲಿ ಫೋಟೋಗೆ ಜಾಗವಿತ್ತು, ಸಿನಿಮಾಕ್ಕೆ ಇರಲಿಲ್ಲ. 1912ರಲ್ಲಷ್ಟೇ ಅದು ಸೇರಿತು. ಅಲ್ಲಿಯವರೆಗೆ ಕಂಪನಿಗಳು ಇಡೀ ರೀಲನ್ನು ಉದ್ದನೆಯ ಕಾಗದದ ಮೇಲೆ ಫೋಟೋಗಳಂತೆ ಅಚ್ಚು ಹಾಕಿ, ಹಕ್ಕು ನೋಂದಾಯಿಸಲು ವಾಷಿಂಗ್ಟನ್ನಿಗೆ ಕಳಿಸುತ್ತಿದ್ದವು. ಆ ಕಾಲದ ನೈಟ್ರೇಟ್ ಫಿಲ್ಮು ಬಹುಪಾಲು ಕೊಳೆತು, ಸುಟ್ಟು ಹೋಯಿತು. ಕಾಗದ ಮಾತ್ರ ಅಲ್ಲಿನ ದೊಡ್ಡ ಸರ್ಕಾರಿ ಗ್ರಂಥಾಲಯ ಲೈಬ್ರರಿ ಆಫ್ ಕಾಂಗ್ರೆಸ್ಸಿನಲ್ಲಿ ಸುಮ್ನೆ ಕೂತಿತ್ತು. ಮುಂದೆ ಅದರಿಂದಲೇ ಮತ್ತೆ ಫಿಲ್ಮು ಮಾಡಿಕೊಂಡರು.

ಹೊಸ ಸಿಪಾಯಿಯನ್ನು ಕಂಬಳಿಯಲ್ಲಿ ಹಾಕಿ ಮೇಲಕ್ಕೆ ಚಿಮ್ಮಿಸುವ ತುಣುಕೂ ಒಂದಿದೆ. ಅದನ್ನು ತಂದೆಯವರಿಗೆ ತೋರಿಸಿ. ಅವರ ಕಾಲದ ಲಂಗರ್, ಮೆಸ್ಸಿನ ಕತೆಗಳನ್ನು ಬರೆದು ಕಳಿಸಿದರೆ ಅಚ್ಚು ಹಾಕಲು ನಾವು ರೆಡಿ.