ಅಪ್ಪ ಮೇಲು, ಮಗ ಕೀಳು

ಕಾರವಾರದ ಓದುಗರೊಬ್ಬರು ಬರೆಯುತ್ತಾರೆ: “ಸ್ಪೇನಿನವರ ವಿರುದ್ಧ ದಂಗೆಯೆದ್ದ ಮೆಕ್ಸಿಕೊದ ಪಾದ್ರಿ ಮಿಗೆಲ್ ಇದಾಲ್ಗೊ ಕೂಡ ಸ್ಪೇನ್ ಮೂಲದ ಬಿಳಿಯನೇ, ಆದರೂ ಸ್ಪೇನಿನವರಿಗಿಂತ ಕೀಳು ಎನಿಸಿಕೊಂಡವನು ಎಂದು ಕಳೆದ ಸಂಚಿಕೆಯಲ್ಲಿ ಅಚ್ಚಾಗಿದೆ. ಹೆತ್ತವರು ಅದೇ ಜನವಾದ ಮೇಲೆ ಮಗ ಮಾತ್ರ ಹೇಗೆ ಕೀಳಾದ? ಇದು ಅಚ್ಚಿನ ತಪ್ಪೇ?”

ಸಂಪಾದಕರ ಉತ್ತರ:

ಅಚ್ಚಿನ ತಪ್ಪಲ್ಲ. ಇಷ್ಟು ದೊಡ್ಡ ವಿಷಯವನ್ನು ಅರ್ಧ ಸಾಲಿನಲ್ಲಿ ಮುಗಿಸಿದ್ದು ಮಾತ್ರ ನಮ್ಮದೇ ತಪ್ಪು.

ಸ್ಪೇನಿನ ನೆಲದಲ್ಲೇ ಹುಟ್ಟಿ, ಆಗ ಅದರ ವಸಾಹತುಗಳಾಗಿದ್ದ ಮೆಕ್ಸಿಕೊ ಮುಂತಾದ ಅಮೆರಿಕದ ನಾಡುಗಳಿಗೆ ಬಂದವರು ಪೆನಿನ್ಸುಲಾರ್‌ಗಳು. ಅವರ ಮಕ್ಕಳು, ಮೊಮ್ಮಕ್ಕಳು ಅಲ್ಲೇ ಹುಟ್ಟಿದರೆ ಕ್ರಿಯೋಯೊಗಳು; ಇದಾಲ್ಗೊ ಅಂಥವನು. ಕಾನೂನಿನ ಕಡತದಲ್ಲಿ ಇಬ್ಬರೂ ಸ್ಪೇನಿನವರೇ. ಆದರೆ ವೈಸ್‌ರಾಯ್ ಪದವಿ, ದೊಡ್ಡ ನ್ಯಾಯಪೀಠ, ಬಿಷಪ್ ಗದ್ದುಗೆಗಳ ಮಾತು ಬಂದಾಗ ಮೊದಲು ಕೇಳುತ್ತಿದ್ದುದು ಹುಟ್ಟಿದ್ದೆಲ್ಲಿ ಎಂದು. ಅಲ್ಲಿನ ಬಿಸಿಲು, ತೇವ, ನಕ್ಷತ್ರಗಳಿಂದ ಮಕ್ಕಳು ಸೋಮಾರಿಗಳಾಗುತ್ತಾರೆ ಎಂಬ ವಾದವೂ ಇತ್ತು. ನನಗೆ ಅದು ನೆಪವಾಗಿಯೇ ಕಾಣುತ್ತದೆ. ದೂರದ ದೊರೆಗೆ ಬೇಕಿದ್ದುದು ಸ್ಥಳೀಯ ನೆಂಟಸ್ತಿಕೆ, ಜಮೀನು ಇಲ್ಲದ ಅಧಿಕಾರಿ. ಹಣದ ಮುಗ್ಗಟ್ಟು ಬಂದಾಗ ಅದೇ ದೊರೆಗಳು ನ್ಯಾಯಪೀಠದ ಹುದ್ದೆಗಳನ್ನು 1687ರಿಂದ 1750ರವರೆಗೆ ಮಾರಿದರು. ಕ್ರಿಯೋಯೊಗಳು ಕಾಸು ಕೊಟ್ಟು ಕೊಂಡರು. ಆಗ ನಕ್ಷತ್ರಗಳು ಯಾರಿಗೂ ಅಡ್ಡ ಬರಲಿಲ್ಲ! ಮುಂದೆ ಆ ಬಾಗಿಲೂ ಮುಚ್ಚಿತು. ಈ ನೆಲದ ಹುದ್ದೆ ಇಲ್ಲಿ ಹುಟ್ಟಿದವರಿಗೇ ಸಿಗಬೇಕೆಂದು ಮೆಕ್ಸಿಕೊ ನಗರಸಭೆ 1771ರಲ್ಲಿ ಮೂರನೇ ಕಾರ್ಲೋಸ್ ದೊರೆಗೆ ಅಹವಾಲು ಬರೆಯಿತು.

ಈ ಭೇದ ಮನೆಯೊಳಗೂ ಬಂದು ಕೂತಿತ್ತು. ಮೆಕ್ಸಿಕೊ ನಗರದ ದೊಡ್ಡ ವರ್ತಕ ವ್ಯಾಪಾರ ಒಪ್ಪಿಸಲು ಎಷ್ಟೋ ಸಲ ಸ್ಪೇನಿನ ತನ್ನ ಹಳ್ಳಿಯಿಂದ ಅಕ್ಕನ ಮಗನನ್ನೋ ಅಣ್ಣನ ಮಗನನ್ನೋ ಕರೆಸಿಕೊಳ್ಳುತ್ತಿದ್ದ. ಹುಡುಗ ಗಲ್ಲಾದ ಹಿಂದೆ ಪಳಗಿ, ಕೊನೆಗೆ ಮಗಳ ಕೈಹಿಡಿಯುತ್ತಿದ್ದ. ಕನ್ನಡದಲ್ಲಿ ಹೇಳುವುದು ಸುಲಭ: ಅಳಿಯನೇ ಅಳಿಯನಾಗುತ್ತಿದ್ದ. ಸ್ವಂತ ಮಕ್ಕಳು ಓದಿ ವಕೀಲರೋ ಪಾದ್ರಿಗಳೋ ಆಗಿ, ಮೇಲಿನ ಹುದ್ದೆ ಸಿಗದೆ ಕೊರಗುತ್ತಿದ್ದರು. ಸ್ಪೇನಿನಿಂದ ಬಂದವರನ್ನು ಅವರು ‘ಗಚುಪಿನ್’ ಎಂದು ಹಲ್ಲು ಕಡಿದು ಕರೆದದ್ದರಲ್ಲಿ ಆಶ್ಚರ್ಯವೇನು?

ಬ್ರೆಜಿಲ್‌ನಲ್ಲಿ ಹುಟ್ಟಿದ ಪೋರ್ಚುಗೀಸರಿಗೂ ‘ಮಜೊಂಬೊ’ ಎಂಬ ಹೀಗಳಿಕೆ ತಪ್ಪಿರಲಿಲ್ಲ. ನೀವು ಕಾರವಾರದವರು, ಅಷ್ಟು ದೂರವೇಕೆ? ಕಾಳಿ ನದಿ ದಾಟಿ ಉತ್ತರಕ್ಕೆ ಹೋದರೆ ಗೋವಾ. ಅಲ್ಲಿ 17ನೇ ಶತಮಾನದ ಫ್ರಾನ್ಸಿಸ್ಕನ್ ಸನ್ಯಾಸಿಗಳಲ್ಲೂ ಇದೇ ಜಗಳ. ಭಾರತದಲ್ಲಿ ಹುಟ್ಟಿದವರು, ತಂದೆತಾಯಿ ಅಪ್ಪಟ ಪೋರ್ಚುಗೀಸರಾದರೂ, ಇಲ್ಲಿನ ಆಯಾಗಳ ಹಾಲು ಕುಡಿದು ಬೆಳೆದವರು. ಅವರ ರಕ್ತ ಕೆಟ್ಟಿದೆ ಎಂದು ಪೋರ್ಚುಗಲ್‌ನಿಂದ ಬಂದವರ ತಕರಾರು. ಇಲ್ಲೇ ಹುಟ್ಟಿದ ಮಿಗೆಲ್ ದ ಪುರಿಫಿಕಾಸಾಂವ್ ಎಂಬ ಸನ್ಯಾಸಿ ಯುರೋಪಿಗೇ ಹೋಗಿ ವಾದಿಸಿ, 1640ರಲ್ಲಿ ಬಾರ್ಸಿಲೋನಾದಲ್ಲಿ ಪುಸ್ತಕವನ್ನೇ ಅಚ್ಚು ಹಾಕಿಸಿದ.

ಹಾಗೆಂದು ಕ್ರಿಯೋಯೊಗಳ ಮೇಲೆ ತೀರಾ ಕನಿಕರ ಬೇಡ. ಮೂಲನಿವಾಸಿಗಳು, ಗುಲಾಮರು, ಮಿಶ್ರ ರಕ್ತದವರು ಅವರ ಕಾಲ ಕೆಳಗೇ ಇದ್ದರು. 1810ರ ಸೆಪ್ಟೆಂಬರ್ 28ರಂದು ಇದಾಲ್ಗೊನ ಹಿಂದೆ ಬಂದ ಬಡ ಜನ ಗ್ವಾನಾಹ್ವಾತೊ ಊರಿನ ಕಣಜಕ್ಕೆ ನುಗ್ಗಿ, ಒಳಗೆ ಅವಿತಿದ್ದವರನ್ನು ಕೊಂದರು. ಸತ್ತವರಲ್ಲಿ ಕ್ರಿಯೋಯೊಗಳೂ ಇದ್ದರು. ಹೆದರಿದ ಉಳ್ಳವರು ದೊರೆಯ ಪಕ್ಷಕ್ಕೆ ವಾಲಿದರು. 1821ರಲ್ಲಿ ಸ್ವಾತಂತ್ರ್ಯ ಘೋಷಿಸಿದ ಇತುರ್ಬಿದೆ, ದಂಗೆಕೋರರನ್ನು ಬೇಟೆಯಾಡಿದ್ದ ಕ್ರಿಯೋಯೊ ಸೇನಾಧಿಕಾರಿಯೇ.

ಆಮೇಲೆ ತಕ್ಕಡಿ ತಿರುಗಿತು. ಸ್ಪೇನಿನಲ್ಲಿ ಹುಟ್ಟಿದವರು ದೇಶ ಬಿಡಬೇಕೆಂದು ಮೆಕ್ಸಿಕೊ 1827ರ ಡಿಸೆಂಬರ್‌ನಲ್ಲಿ ಕಾನೂನು ಮಾಡಿತು. ವಿನಾಯಿತಿ ಸಿಕ್ಕವರಲ್ಲಿ ಮೆಕ್ಸಿಕೊದ ಹೆಣ್ಣನ್ನು ಮದುವೆಯಾಗಿ ಸಂಸಾರ ಮಾಡುತ್ತಿದ್ದವರೂ ಸೇರಿದ್ದರು. ಹೀಗೆ ಎಷ್ಟೋ ಅಳಿಯಂದಿರು ಹೆಂಡತಿ ಹುಟ್ಟಿದ ಊರಿನ ಪುಣ್ಯದಿಂದ ಅಂಗಡಿ ಉಳಿಸಿಕೊಂಡರು.