ಕ್ಯೋಟೋ ನೋಡಲು ಗೈಡ್ ಬೇಕೇ? ಓದುಗರ ಪ್ರಶ್ನೆಗಳಿಗೆ ಉತ್ತರ

ಪ್ರಶ್ನೆ: ಮಗಳು ಒಸಾಕಾದಲ್ಲಿ ಕೆಲಸದಲ್ಲಿದ್ದಾಳೆ. ನವೆಂಬರ್ ಕೊನೆಗೆ ನಾವಿಬ್ಬರೂ ಹೋಗುವವರಿದ್ದೇವೆ, ಕ್ಯೋಟೋಗೆ ಮೂರು ದಿನ ಇಟ್ಟುಕೊಂಡಿದ್ದೇವೆ. ಟೂರ್ ಬಸ್ಸಿನಲ್ಲಿ ಒಂದೇ ದಿನ ಎಂಟು ಸ್ಥಳ ತೋರಿಸುತ್ತಾರಂತೆ. ಅದು ಸಾಕೇ, ಬೇರೆ ಗೈಡ್ ಮಾಡಿಕೊಳ್ಳಬೇಕೇ?
— ಶಿರಸಿಯ ದಂಪತಿ

ಉತ್ತರ: ಎಂಟು ಸ್ಥಳದ ಬಸ್ಸನ್ನು ಬಿಟ್ಟುಬಿಡಿ. ಕ್ಯೋಟೋದ ಹೆಚ್ಚಿನ ದೇವಾಲಯಗಳು ಸಂಜೆ ನಾಲ್ಕೂವರೆ, ಐದಕ್ಕೆಲ್ಲ ಬಾಗಿಲು ಹಾಕುತ್ತವೆ. ಒಳಗೆ ಬಿಡುವುದನ್ನು ಅದಕ್ಕೂ ಅರ್ಧ ಗಂಟೆ ಮುಂಚೆ ನಿಲ್ಲಿಸುತ್ತಾರೆ. ನವೆಂಬರ್ ಕೊನೆಯಲ್ಲಿ ಐದು ಗಂಟೆಯೊಳಗೆ ಸೂರ್ಯ ಮುಳುಗಿರುತ್ತಾನೆ. ಮೇಪಲ್ ಎಲೆ ಕೆಂಪಾಗುವ ಕಾಲವಾದ್ದರಿಂದ ರಸ್ತೆ ತುಂಬ ಜನ. ಎಂಟು ಸ್ಥಳವೆಂದರೆ ಅರ್ಧ ದಿನ ಬಸ್ಸಿನ ಸೀಟಿನಲ್ಲೇ ಹೋಗುತ್ತದೆ. ದಿನಕ್ಕೆ ಮೂರು ಸ್ಥಳ ಸಾಕು.

ಗೈಡ್ ಮೂರೂ ದಿನ ಬೇಕಿಲ್ಲ, ಒಂದು ದಿನಕ್ಕೆ ಮಾಡಿಕೊಳ್ಳಿ. ಫುಶಿಮಿ ಇನಾರಿ ಎಂಬ ಬೆಟ್ಟದ ಗುಡಿಯ ಕೆಂಪು ತೋರಿ ಕಮಾನುಗಳ ದಾರಿಗೆ ಯಾರ ವಿವರಣೆಯೂ ಬೇಡ. ಅದು ಹಗಲು ರಾತ್ರಿ ತೆರೆದಿರುತ್ತದೆ, ಟಿಕೆಟ್ ಇಲ್ಲ. ಬೆಳಿಗ್ಗೆ ಏಳರೊಳಗೆ ನೀವೇ ಹೋದರೆ ಶಾಂತವಾಗಿ ನೋಡಬಹುದು. ಕಿಯೋಮಿಜು ದೇವಾಲಯವೂ ಬೆಳಿಗ್ಗೆ ಆರಕ್ಕೇ ತೆರೆಯುತ್ತದೆ. ಕಣ್ಣಿಗೆ ಕಂಡರೂ ಅರ್ಥವಾಗದ ಜಾಗಗಳಿಗೆ ಗೈಡ್ ಬೇಕು. ಅಂಥವು ಮೂರು: ತೋಜಿ, ಸಂಜೂಸಂಗೆನ್‌ದೋ ಎಂಬ ಎರಡು ಬೌದ್ಧ ದೇವಾಲಯಗಳು, ಮತ್ತೆ ನಿಜೋ ಕೋಟೆ.

ತೋಜಿಗೆ ಬರುವ ಹೆಚ್ಚಿನವರು ಸುಮಾರು 55 ಮೀಟರ್ ಎತ್ತರದ ಐದಂತಸ್ತಿನ ಮರದ ಗೋಪುರದ ಫೋಟೋ ತೆಗೆದು ಹೊರಟುಬಿಡುತ್ತಾರೆ. ನೋಡಬೇಕಾದದ್ದು ಪಕ್ಕದ ಪ್ರವಚನ ಮಂಟಪದಲ್ಲಿದೆ. ಅರೆಗತ್ತಲಲ್ಲಿ 21 ವಿಗ್ರಹಗಳನ್ನು ಒಂದು ಮಂಡಲವಾಗಿ ಜೋಡಿಸಿದ್ದಾರೆ. ಒಂದು ತುದಿಯಲ್ಲಿ ನಾಲ್ಕು ಮುಖ, ನಾಲ್ಕು ಕೈಗಳ ದೇವರು ಹಂಸಗಳ ಮೇಲೆ ಕೂತಿದ್ದಾನೆ. ಅವನು ಬೋಂತೆನ್, ಅಂದರೆ ನಮ್ಮ ಬ್ರಹ್ಮ. ಇನ್ನೊಂದು ತುದಿಯಲ್ಲಿ ಆನೆಯ ಮೇಲೆ ಕೂತವನು ತಾಯಿಶಾಕುತೆನ್, ಇಂದ್ರ. ಒಂಬತ್ತನೇ ಶತಮಾನದಲ್ಲಿ ಕೂಕಾಯಿ ಎಂಬ ಸನ್ಯಾಸಿ ಚೀನಾದಿಂದ ತಂದ ತಾಂತ್ರಿಕ ಬೌದ್ಧ ಪಂಥದ ಕಲ್ಪನೆ ಇದು. ಆ ಪಂಥದಲ್ಲಿ ಬೀಜಾಕ್ಷರಗಳನ್ನು ಇಂದಿಗೂ ಸಿದ್ಧಂ ಎಂಬ ಭಾರತೀಯ ಲಿಪಿಯಲ್ಲೇ ಬರೆಯುತ್ತಾರೆ.

ಸಂಜೂಸಂಗೆನ್‌ದೋ ಸುಮಾರು 120 ಮೀಟರ್ ಉದ್ದದ ಒಂದೇ ಮಂಟಪ. ನಡುವೆ ಕೂತ ದೊಡ್ಡ ಕನ್ನೊನ್ (ಕರುಣೆಯ ಬೋಧಿಸತ್ತ್ವ ಅವಲೋಕಿತೇಶ್ವರ), ಎಡಬಲಕ್ಕೆ ಸಾಲಾಗಿ ನಿಂತ ಸಾವಿರ ಕನ್ನೊನ್. ಅವರ ಮುಂದೆ 28 ಪರಿವಾರ ದೇವತೆಗಳಿದ್ದಾರೆ. ಅವರಲ್ಲಿ ಕರೂರ ಎಂಬವನು ಗರುಡ, ಹಕ್ಕಿಯ ಕೊಕ್ಕಿಗೆ ಕೊಳಲು ಹಿಡಿದಿದ್ದಾನೆ. ನಾರಾಯಣನೂ ಇದ್ದಾನೆ, ಅಸುರನೂ ಇದ್ದಾನೆ. ತಾಳಮದ್ದಳೆ ಕೇಳಿ ಬೆಳೆದವರಿಗೆ ಇವರೆಲ್ಲ ಪರಿಚಿತರೇ, ವೇಷ ಮಾತ್ರ ಬೇರೆ. ಒಳಗೆ ಫೋಟೋ ನಿಷೇಧ. ಆದ್ದರಿಂದ ಕಣ್ಣಿನಲ್ಲೇ ತುಂಬಿಕೊಳ್ಳಬೇಕು, ಒಂದು ಗಂಟೆಯಾದರೂ ಕೊಡಿ.

ನಿಜೋ ಕೋಟೆಯನ್ನು 1603ರಲ್ಲಿ ಶೋಗುನ್, ಅಂದರೆ ಚಕ್ರವರ್ತಿಯ ಹೆಸರಿನಲ್ಲಿ ನಾಡಾಳುತ್ತಿದ್ದ ಸೇನಾಧಿಪತಿ, ತೊಕುಗಾವ ಇಯೆಯಾಸು ಕಟ್ಟಿಸಿದ. 1867ರಲ್ಲಿ ಕೊನೆಯ ಶೋಗುನ್ ಅಧಿಕಾರವನ್ನು ಚಕ್ರವರ್ತಿಗೆ ಮರಳಿಸುವ ನಿರ್ಧಾರ ತಿಳಿಸಿದ್ದೂ ಇಲ್ಲಿನ ಸಭಾಂಗಣದಲ್ಲೇ. ಹೊರಕೋಣೆಗಳಲ್ಲಿ ಹುಲಿಗಳ ಚಿತ್ರ, ಶೋಗುನ್‌ನ ಖಾಸಗಿ ಕೋಣೆಯಲ್ಲಿ ಶಾಂತವಾದ ನಿಸರ್ಗ ಚಿತ್ರ. ಬಂದವರನ್ನು ಎಲ್ಲಿಯವರೆಗೆ ಬಿಡಬೇಕೋ ಅದಕ್ಕೆ ತಕ್ಕ ಚಿತ್ರ. ಇದನ್ನು ಹೇಳಿಕೊಡುವವರಿಲ್ಲದಿದ್ದರೆ ಖಾಲಿ ಚಾಪೆಯ ಕೋಣೆಗಳ ಸಾಲಷ್ಟೇ ಕಾಣುತ್ತದೆ. ನಡೆದರೆ ಹಕ್ಕಿಯಂತೆ ಚೀಂವ್‌ಗುಡುವ ನೆಲದ ಗುಟ್ಟು ಹಲಗೆಯಡಿಯ ಕಬ್ಬಿಣದ ಕೊಂಡಿ ಮತ್ತು ಮೊಳೆಗಳ ತಿಕ್ಕಾಟದಲ್ಲಿದೆ.

ಗೈಡ್ ಆಯ್ಕೆಯ ವಿಚಾರ. ಜಪಾನಿನಲ್ಲಿ ಸರ್ಕಾರಿ ಪರೀಕ್ಷೆ ಪಾಸಾದ ದುಭಾಷಿ ಗೈಡ್‌ಗಳಿದ್ದಾರೆ, ಅವರಲ್ಲಿ ಗುರುತಿನ ಚೀಟಿ ಇರುತ್ತದೆ. 2018ರಿಂದ ಪರವಾನಗಿ ಇಲ್ಲದವರೂ ಹಣ ಪಡೆದು ಗೈಡ್ ಕೆಲಸ ಮಾಡಬಹುದು. ಹಾಗಾಗಿ ಚೀಟಿ ಇದೆಯೇ ಎಂದು ಮೊದಲೇ ಕೇಳಿ. ಸ್ವಯಂಸೇವಕ ಗೈಡ್‌ಗಳೂ ಸಿಗುತ್ತಾರೆ. ಅವರಿಗೆ ಸಂಬಳವಿಲ್ಲ, ಆದರೆ ಅವರ ಪ್ರಯಾಣ, ಟಿಕೆಟ್, ಮಧ್ಯಾಹ್ನದ ಊಟ ನಿಮ್ಮದು. ಯಾರನ್ನೇ ಗೊತ್ತು ಮಾಡಿದರೂ ಮೊದಲೇ ಎರಡು ಪ್ರಶ್ನೆ ಕೇಳಿ: ತೋಜಿಯ ಮಂಟಪದೊಳಗೆ ಎಷ್ಟು ಹೊತ್ತು ಕೊಡುತ್ತೀರಿ? ನಡುವೆ ಅಂಗಡಿಗೆ ಕರೆದೊಯ್ಯುವುದುಂಟೇ? ಹತ್ತು ನಿಮಿಷ ಎಂದವರನ್ನು ಬಿಟ್ಟು ಬೇರೆಯವರನ್ನು ಹುಡುಕಿ. ಕೊನೆಗೆ ಟಿಪ್ಸ್ ಕೊಡುವ ರೂಢಿ ಅಲ್ಲಿಲ್ಲ, ಒತ್ತಾಯ ಮಾಡಿದರೆ ಅವರಿಗೆ ಮುಜುಗರ.

ಓಡಾಟಕ್ಕೆ ಸಿಟಿ ಬಸ್ಸಿಗಿಂತ ರೈಲು ವಾಸಿ. ಕೇಯಿಹಾನ್ ಮಾರ್ಗವೊಂದರಲ್ಲೇ ಫುಶಿಮಿ ಇನಾರಿ, ಸಂಜೂಸಂಗೆನ್‌ದೋಗೆ ಶಿಚಿಜೋ, ಕಿಯೋಮಿಜುವಿಗೆ ಕಿಯೋಮಿಜು-ಗೋಜೋ, ಆಮೇಲೆ ಗಿಯೋನ್-ಶಿಜೋ, ಹೀಗೆ ನಿಲ್ದಾಣಗಳು ಸಾಲಾಗಿ ಸಿಗುತ್ತವೆ.

ಪ್ರಶ್ನೆ: ನಮ್ಮ ಆಯಿ ಜೊತೆಗೆ ಬರುತ್ತಾರೆ. ಈರುಳ್ಳಿ ಬೆಳ್ಳುಳ್ಳಿಯನ್ನೂ ಮುಟ್ಟುವುದಿಲ್ಲ. ಅಲ್ಲಿ ಸಸ್ಯಾಹಾರ ಸಿಗುತ್ತದೆ ಎನ್ನುತ್ತಾರೆ, ನಂಬಬಹುದೇ?
— ಸಿದ್ದಾಪುರ ತಾಲೂಕಿನ ಓದುಗರು

ಉತ್ತರ: ತಟ್ಟೆಯಲ್ಲಿ ತರಕಾರಿ ಮಾತ್ರ ಕಂಡಿತೆಂದು ನಂಬಬೇಡಿ. ತೊಡಕಿರುವುದು ಸಾರಿನಲ್ಲಿ. ಜಪಾನೀ ಅಡುಗೆಯ ಬುಡ ದಾಶಿ ಎಂಬ ತಿಳಿ ಕಟ್ಟು. ಹೊಗೆ ಹಾಕಿ ಕಲ್ಲಿನಂತೆ ಒಣಗಿಸಿದ ಬೊನಿಟೊ ಮೀನನ್ನು ತೆಳ್ಳಗೆ ಹೆರೆದು ಬಿಸಿನೀರಿಗೆ ಹಾಕಿ ಸೋಸಿದರೆ ದಾಶಿ ಸಿದ್ಧ. ಮೀನಿನ ಚೂರು ಕಾಣುವುದೇ ಇಲ್ಲ. ಮಿಸೊ ಸೂಪ್, ನೂಡಲ್ಸಿನ ರಸ, ತೆಂಪುರಾ ಅದ್ದಿಕೊಳ್ಳುವ ಬಟ್ಟಲು, ಬೇಯಿಸಿದ ಪಲ್ಯ ಎಲ್ಲದರಲ್ಲೂ ಇದು ಇರಬಹುದು. ಎಷ್ಟೋ ಕಡೆ ಅಡುಗೆಯವರಿಗೇ ಇದು ಮೀನು ಎಂಬ ಲೆಕ್ಕ ಬರುವುದಿಲ್ಲ. "ಸಸ್ಯಾಹಾರ" ಎಂದು ಕೇಳಿದರೆ ಹೌದು ಎನ್ನುವುದು ಅದಕ್ಕೇ.

ಕೇಳುವ ರೀತಿ ಹೀಗಿರಲಿ: "ನಿಕು ಮೊ ಸಕಾನಾ ಮೊ ತಬೆಮಾಸೆನ್, ಕತ್ಸುಒ-ದಾಶಿ ಮೊ ತಬೆಮಾಸೆನ್." ಮಾಂಸ, ಮೀನು ತಿನ್ನುವುದಿಲ್ಲ, ಮೀನಿನ ದಾಶಿಯೂ ಬೇಡ ಎಂದರ್ಥ. ಉಳಿದುಕೊಂಡ ಹೋಟೆಲಿನವರಿಂದ ಇದನ್ನೇ ಜಪಾನಿಯಲ್ಲಿ ಒಂದು ಚೀಟಿಗೆ ಬರೆಸಿಕೊಂಡರೆ ಇನ್ನೂ ಒಳ್ಳೆಯದು.

ಆಯಿಗೆ ಹೊಂದುವುದು ಶೋಜಿನ್ ರ‍್ಯೋರಿ, ಅಂದರೆ ಝೆನ್ ಬೌದ್ಧ ಮಠಗಳ ಊಟ. ಅದಕ್ಕೆ ದಾಶಿಯನ್ನು ಕೊಂಬು ಎಂಬ ಸಮುದ್ರ ಸಸ್ಯ ಮತ್ತು ಒಣ ಅಣಬೆಯಿಂದ ಮಾಡುತ್ತಾರೆ. ಈರುಳ್ಳಿ ಬೆಳ್ಳುಳ್ಳಿ ಜಾತಿಯ ಗಡ್ಡೆಗಳು ಆ ಸಂಪ್ರದಾಯಕ್ಕೇ ನಿಷಿದ್ಧ. ಅರಾಶಿಯಾಮಾದ ತೆನ್‌ರ‍್ಯೂಜಿ ಮಠದ ಆವರಣದಲ್ಲೇ ಈ ಊಟ ಸಿಗುತ್ತದೆ, ಮುಂಗಡ ಕಾಯ್ದಿರಿಸಿ. ಅಣಬೆಯೂ ಆಗದಿದ್ದರೆ ಆಗಲೇ ತಿಳಿಸಿ. ನಾನ್‌ಜೆನ್‌ಜಿ ದೇವಾಲಯದ ಸುತ್ತಲಿನ ಯುದೋಫು, ಅಂದರೆ ಬಿಸಿನೀರಿನ ತೋಫು (ಸೋಯಾ ಪನೀರ್), ಹೆಸರುವಾಸಿ. ಆದರೆ ಜೊತೆಗೆ ಕೊಡುವ ರಸದ ಬಗ್ಗೆ ಕೇಳಿಯೇ ತಿನ್ನಿ.

ಊರಿಂದ ಚಟ್ನಿಪುಡಿ ಒಯ್ಯಿರಿ. ಹಸಿ ಕರಿಬೇವು, ಹಣ್ಣು, ತರಕಾರಿಗಳನ್ನು ಸಸ್ಯ ಆರೋಗ್ಯ ಪ್ರಮಾಣಪತ್ರವಿಲ್ಲದೆ ಜಪಾನಿನೊಳಗೆ ಬಿಡುವುದಿಲ್ಲ. ವೀಳ್ಯದೆಲೆಗೂ ಇದೇ ನಿಯಮ, ಹಾಗಾಗಿ ಕವಳದ ಸಂಚಿಯನ್ನು ಮನೆಯಲ್ಲೇ ಬಿಟ್ಟು ಹೊರಡಬೇಕು.

ಪ್ರಶ್ನೆ: ನಿವೃತ್ತ ಶಿಕ್ಷಕಿ, ಮಂಡಿನೋವಿದೆ. ಚಹಾ ವಿಧಿಯಲ್ಲಿ ಕೂರುವ ಆಸೆ. ಸಾಧ್ಯವೇ?
— ಕಾರವಾರ

ಉತ್ತರ: ಖಂಡಿತ ಸಾಧ್ಯ. ಕಾಯ್ದಿರಿಸುವಾಗಲೇ ಕುರ್ಚಿ ಇದೆಯೇ ಎಂದು ಕೇಳಿ. ಪ್ರವಾಸಿಗರಿಗಾಗಿ ನಡೆಸುವ ಎಷ್ಟೋ ಕಡೆ ಕೊಡುತ್ತಾರೆ. ಕಾಲು ಮಡಚಿ ಹಿಮ್ಮಡಿಯ ಮೇಲೆ ಕೂರುವ ಸೇಯಿಜಾ ಭಂಗಿ ಮಂಡಿನೋವಿನವರಿಗೆ ಹತ್ತು ನಿಮಿಷವೂ ಬೇಡ. ಶುಭ್ರವಾದ ಕಾಲುಚೀಲ ಹಾಕಿ, ಉಂಗುರ ಬಳೆ ತೆಗೆದಿಡಿ. ಅವು ತಗುಲಿದರೆ ಬಟ್ಟಲಿಗೆ ಗೀರು ಬೀಳುತ್ತದೆ.

ಮೊದಲು ಸಿಹಿ ಬರುತ್ತದೆ, ಹೆಚ್ಚಾಗಿ ಕೆಂಪು ಅಜುಕಿ ಕಾಳಿನ ಹೂರಣದ್ದು. ಚಹಾ ಬರುವುದರೊಳಗೆ ಅದನ್ನು ಪೂರ್ತಿ ತಿಂದು ಮುಗಿಸಬೇಕು, ಕಹಿಗೆ ನಾಲಿಗೆ ಸಿದ್ಧವಾಗುವುದು ಹಾಗೆ. ಬಟ್ಟಲಿಗೆ ಸುಮಾರು ಎರಡು ಗ್ರಾಂ ಮಾಚಾ ಎಂಬ ಹಸಿರು ಚಹಾ ಪುಡಿ, 70 ಮಿಲಿಲೀಟರಿನಷ್ಟು ಬಿಸಿನೀರು. ಬಿದಿರಿನ ಕಡೆಗೋಲಿನಿಂದ ಮಣಿಕಟ್ಟು ಮಾತ್ರ ಆಡಿಸಿ ನೊರೆ ಬರಿಸುತ್ತಾರೆ. ಬಟ್ಟಲಿನ ಚಂದದ ಮುಖವನ್ನು ನಿಮ್ಮ ಕಡೆ ತಿರುಗಿಸಿ ಇಡುತ್ತಾರೆ. ಎಡ ಅಂಗೈ ಮೇಲಿಟ್ಟುಕೊಂಡು ಬಲಗೈಯಿಂದ ಗಡಿಯಾರದ ದಿಕ್ಕಿಗೆ ಎರಡು ಸಲ ಸ್ವಲ್ಪ ತಿರುಗಿಸಿ, ಆ ಮುಖ ತುಟಿಗೆ ತಾಗದಂತೆ ಕುಡಿಯಬೇಕು. ಕೊನೆಯ ಗುಟುಕನ್ನು ಸೊರ್ ಎಂದು ಹೀರಿದರೆ ಮುಗಿಯಿತು ಎಂಬ ಸೂಚನೆ. ತುಟಿ ತಾಗಿದ ಜಾಗವನ್ನು ಬೆರಳಿನಿಂದ ಒರೆಸಿ, ಬಟ್ಟಲನ್ನು ತಿರುಗಿ ಮೊದಲಿನ ದಿಕ್ಕಿಗೆ ತಂದು ಇಡಿ.

ಕಿಯೋಮಿಜುವಿಗೆ ಕೊನೆಯ ಏರು ಕಡಿದಾಗಿದೆ, ಅಲ್ಲಿಗೆ ಟ್ಯಾಕ್ಸಿ ಮಾಡಿ. ಫುಶಿಮಿ ಇನಾರಿಯಲ್ಲಿ ಬುಡದ ಕಮಾನುಗಳನ್ನು ನೋಡಿ ಹಿಂತಿರುಗಿ. ಬೆಟ್ಟ 233 ಮೀಟರ್, ಮೇಲಿನವರೆಗೂ ಮೆಟ್ಟಿಲೇ.

ಪ್ರಶ್ನೆ: ನಮ್ಮ ತೇರಿನಂಥದ್ದೇ ಹಬ್ಬ ಕ್ಯೋಟೋದಲ್ಲಿದೆ ಎಂದು ಕೇಳಿದೆ. ಯಾವಾಗ, ಎಲ್ಲಿ ನಿಂತು ನೋಡಬೇಕು?
— ಗೋಕರ್ಣದ ಯುವಕ

ಉತ್ತರ: ಅದು ಗಿಯೋನ್ ಮತ್ಸುರಿ. ಜುಲೈ ತಿಂಗಳಿಡೀ ನಡೆಯುತ್ತದೆ, ತೇರಿನ ಮೆರವಣಿಗೆ 17 ಮತ್ತು 24ರಂದು. 17ರದ್ದು ದೊಡ್ಡದು. 869ರಲ್ಲಿ ಸಾಂಕ್ರಾಮಿಕ ಹರಡಿದಾಗ ಅಂದಿನ ಪ್ರಾಂತಗಳ ಲೆಕ್ಕಕ್ಕೆ 66 ಈಟಿಗಳನ್ನು ನಿಲ್ಲಿಸಿ ಮಾಡಿದ ಶಾಂತಿಯಿಂದ ಬೆಳೆದ ಹಬ್ಬವಿದು. ಬೇನೆ ಬಾರದಿರಲಿ ಎಂದು ಮಾರಿಯನ್ನು ತೇರಿನಲ್ಲಿ ಕೂರಿಸಿ ಬಿಡ್ಕಿಬೈಲಿಗೆ ತರುವ ಶಿರಸಿ ಜಾತ್ರೆಯನ್ನು ಕಂಡವರಿಗೆ ಇದರ ಒಳಗುಟ್ಟು ಬೇಗ ತಿಳಿಯುತ್ತದೆ. ಗಿಯೋನ್ ಎಂಬ ಹೆಸರೂ ಶ್ರಾವಸ್ತಿಯ ಜೇತವನಕ್ಕಿರುವ ಜಪಾನೀ ಹೆಸರೇ.

ದೊಡ್ಡ ಹೊಕೊ ತೇರು ಸುಮಾರು 25 ಮೀಟರ್ ಎತ್ತರ, 12 ಟನ್‌ವರೆಗೆ ತೂಕ. ಚೌಕಟ್ಟಿಗೆ ಮೊಳೆ ಹೊಡೆಯುವುದಿಲ್ಲ, ತೊಲೆಗಳನ್ನು ಹುಲ್ಲಿನ ಹಗ್ಗದಿಂದ ಬಿಗಿಯುತ್ತಾರೆ. ತೇರು ಎಳೆಯುವಾಗ ಈ ಹಗ್ಗದ ಕಟ್ಟು ಅಷ್ಟಿಷ್ಟು ಸಡಿಲಗೊಳ್ಳುವುದರಿಂದ ತೊಲೆ ಸೀಳುವುದಿಲ್ಲ. 17ರ ತೇರುಗಳನ್ನು 10ನೇ ತಾರೀಖಿನಿಂದ ಬೀದಿಯಲ್ಲೇ ಕಟ್ಟಲು ಶುರು ಮಾಡುತ್ತಾರೆ. ಮೆರವಣಿಗೆಗಿಂತ ಇದನ್ನು ನೋಡಿದರೆ ಹೆಚ್ಚು ಕಲಿಯಬಹುದು, ಗೈಡ್ ಇದ್ದರೆ ಈ ದಿನಕ್ಕೇ ಇರಲಿ.

ಚಕ್ರಗಳ ಅಚ್ಚು ಎಡಬಲಕ್ಕೆ ಹೊರಳುವುದಿಲ್ಲ. ಹಾಗಾದರೆ ನಾಲ್ಕು ರಸ್ತೆ ಕೂಡುವಲ್ಲಿ ತೇರು ಹೊರಳುವುದು ಹೇಗೆ? ಮುಂದಿನ ಚಕ್ರದಡಿ ಸೀಳಿದ ಬಿದಿರಿನ ಪಟ್ಟಿಗಳನ್ನು ಹಾಸಿ, ಮೇಲೆ ನೀರು ಹೊಯ್ಯುತ್ತಾರೆ. ಹಗ್ಗವನ್ನು ಪಕ್ಕಕ್ಕೆ ಕಟ್ಟುತ್ತಾರೆ. ತೇರಿನ ಮೇಲೆ ನಿಂತವರು ಬೀಸಣಿಗೆ ಎತ್ತಿ "ಯೋಯಿ, ಯೋಯಿ, ಯೋಯಿತೋಸೆ" ಎಂದೊಡನೆ ಎಲ್ಲರೂ ಒಟ್ಟಿಗೆ ಜಗ್ಗುತ್ತಾರೆ. ತೇರು ಬಿದಿರಿನ ಮೇಲೆ ಜಾರಿ ಸ್ವಲ್ಪ ಹೊರಳುತ್ತದೆ. ಪಟ್ಟಿ ಸರಿಪಡಿಸಿ, ಮತ್ತೆ ನೀರು ಹಾಕಿ, ಮತ್ತೆ ಜಗ್ಗುತ್ತಾರೆ. ಹೀಗೆ ಕೆಲವು ಸಲ ಮಾಡಿದ ಮೇಲೆ ಪೂರ್ತಿ ತಿರುಗುತ್ತದೆ. ಇದನ್ನು ನೋಡಲು ಶಿಜೋ-ಕವಾರಾಮಾಚಿ ಅಥವಾ ಕವಾರಾಮಾಚಿ-ಓಯಿಕೆ ಮೂಲೆಯಲ್ಲಿ ನಿಲ್ಲಬೇಕು. 17ರ ಮೆರವಣಿಗೆ ಬೆಳಿಗ್ಗೆ ಒಂಬತ್ತಕ್ಕೆ ಶಿಜೋ-ಕರಾಸುಮಾದಿಂದ ಹೊರಡುತ್ತದೆ, ನೀವು ಏಳಕ್ಕೇ ಜಾಗ ಹಿಡಿಯಿರಿ. ನಮ್ಮ ಏಪ್ರಿಲ್ ತಿಂಗಳ ಸೆಖೆಗೆ ಅದು ಕಡಿಮೆಯಿಲ್ಲ. ನೀರು, ಟೋಪಿ ಇಟ್ಟುಕೊಳ್ಳಿ. ಕೊಡೆ ಬಿಚ್ಚಿದರೆ ಹಿಂದಿನವರಿಗೆ ಕಾಣುವುದಿಲ್ಲ.

ಪ್ರಶ್ನೆ: ಗಿಯೋನ್ ಬೀದಿಯಲ್ಲಿ ಗೇಯಿಷಾ ಕಲಾವಿದೆಯರ ಫೋಟೋ ತೆಗೆಯಬಹುದೇ?
— ಅಂಕೋಲಾ

ಉತ್ತರ: ಬೇಡ. ಅವರು ಕೆಲಸಕ್ಕೆ ಹೊರಟವರು, ಅಡ್ಡಗಟ್ಟಬಾರದು. ಅಲ್ಲಿನ ಖಾಸಗಿ ಓಣಿಗಳಿಗೆ 2024ರಿಂದ ಪ್ರವಾಸಿಗರಿಗೆ ಪ್ರವೇಶವೇ ಇಲ್ಲ, ನುಗ್ಗಿದರೆ 10,000 ಯೆನ್ ದಂಡ ಎಂದು ಫಲಕ ಹಾಕಿದ್ದಾರೆ. ಹನಾಮಿಕೋಜಿ ಮುಖ್ಯ ಬೀದಿಯಲ್ಲಿ ನಡೆಯಲು ಅಡ್ಡಿಯಿಲ್ಲ. ಅವರ ನೃತ್ಯ ನೋಡುವ ಆಸೆಯಿದ್ದರೆ ಏಪ್ರಿಲ್‌ನಲ್ಲಿ ನಡೆಯುವ ಮಿಯಾಕೊ ಒದೊರಿ ಪ್ರದರ್ಶನಕ್ಕೆ ಟಿಕೆಟ್ ಕೊಂಡು ಹೋಗಿ.

ಪ್ರಶ್ನೆ: ನಮ್ಮ ಚಾರ್ಜರ್, ನೀರು ಕಾಯಿಸುವ ಕೆಟಲ್ ಅಲ್ಲಿ ನಡೆಯುತ್ತದೆಯೇ?
— ಹೊನ್ನಾವರ

ಉತ್ತರ: ಅಲ್ಲಿ ಕರೆಂಟ್ 100 ವೋಲ್ಟ್, ಪ್ಲಗ್ಗಿಗೆ ಎರಡು ಚಪ್ಪಟೆ ಪಿನ್ನು. ಫೋನ್ ಚಾರ್ಜರಿನ ಮೇಲೆ 100–240 ಎಂದಿದ್ದರೆ ಬರೀ ಅಡಾಪ್ಟರ್ ಸಾಕು. ನಮ್ಮ 230 ವೋಲ್ಟಿನ ಕೆಟಲ್ ಅಲ್ಲಿ ಸರಿಯಾಗಿ ಕಾಯುವುದೇ ಇಲ್ಲ, ಒಯ್ಯಬೇಡಿ. ಹೋಟೆಲ್ ಕೋಣೆಗಳಲ್ಲಿ ಸಾಮಾನ್ಯವಾಗಿ ಇಟ್ಟಿರುತ್ತಾರೆ.