ಅಜ್ಜನ ಹಳೆಯ ಕಥೆಗಳನ್ನು ವಿಡಿಯೊ ಕರೆಯಲ್ಲೇ ಧ್ವನಿ ಸಮೇತ ರೆಕಾರ್ಡ್ ಮಾಡಲು ಯಾವ ಆ್ಯಪ್ ಒಳ್ಳೆಯದು?

ಭಾನುವಾರ ಅಜ್ಜನಿಗೆ ಕರೆ ಮಾಡುತ್ತೀರಿ, ಇಬ್ಬರ ಮಾತೂ ಸ್ಪಷ್ಟವಾಗಿ ಬರುವ ಸ್ಕ್ರೀನ್ ರೆಕಾರ್ಡರ್ ಬೇಕು ಎಂದಿದ್ದೀರಿ. ಆ್ಯಪ್ ಹುಡುಕುವುದನ್ನು ಇಲ್ಲಿಗೇ ನಿಲ್ಲಿಸಿ. ನನ್ನ ಬಳಿ 52 ನಿಮಿಷಗಳ ಒಂದು ವಿಡಿಯೊ ಇದೆ. ಅದರಲ್ಲಿ ನನ್ನ ದೊಡ್ಡಮ್ಮ ಮಾತನಾಡುತ್ತಾರೆ, ನಗುತ್ತಾರೆ, ಕನ್ನಡಕ ತೆಗೆದು ಕಣ್ಣೊರೆಸಿಕೊಳ್ಳುತ್ತಾರೆ. ಒಂದಕ್ಷರವೂ ಕೇಳಿಸುವುದಿಲ್ಲ.

ಮನೆಯಲ್ಲಿದ್ದ ಹಳೆಯ ಫೋಟೊಗಳಲ್ಲಿ ಯಾರು ಯಾರೆಂದು ಹೇಳಬಲ್ಲವರು ಅವರೊಬ್ಬರೇ ಉಳಿದಿದ್ದರು. ತಿಂಗಳುಗಟ್ಟಲೆ ಮುಂದೂಡಿ, ಕೊನೆಗೊಂದು ದಿನ ಆಲ್ಬಮ್ಮನ್ನು ಮಡಿಲಲ್ಲಿಟ್ಟುಕೊಂಡು ವಿಡಿಯೊ ಕರೆಗೆ ಕೂರುವಂತೆ ಅವರನ್ನು ಒಪ್ಪಿಸಿದೆ. ನಾನೂ ನಿಮ್ಮ ಹಾಗೆ ಹಿಂದಿನ ಇಡೀ ಸಂಜೆ ಆ್ಯಪ್‌ಗಳನ್ನು ಹೋಲಿಸುತ್ತಾ ಕಳೆದೆ. ಆಮೇಲೆ ತಿಳಿಯಿತು: ಆಂಡ್ರಾಯ್ಡ್ 11 ಬಂದ 2020ರಿಂದ ರೆಕಾರ್ಡರ್ ಫೋನಿನಲ್ಲೇ ಇದೆ, ಮೇಲಿನಿಂದ ಪರದೆ ಎಳೆದರೆ ಸಿಗುತ್ತದೆ. ಐಫೋನಿನಲ್ಲಂತೂ 2017ರ ಐಒಎಸ್ 11ರಿಂದಲೇ ಇದೆ. ಸರಿ, ಬೇರೆ ಆ್ಯಪ್‌ನ ಗೊಡವೆಯೇ ಬೇಡವೆಂದು ಅದನ್ನೇ ತೆರೆದೆ. ಧ್ವನಿ ಎಲ್ಲಿಂದ ಬೇಕು ಎಂದು ಅದು ಕೇಳಿತು: ಮೈಕ್ರೋಫೋನ್, ಸಾಧನದ ಆಡಿಯೊ, ಅಥವಾ ಎರಡೂ. ಎರಡನ್ನೂ ಆರಿಸಿದೆ.

ಇನ್ನು ನನ್ನ ತಪ್ಪು. ಪರೀಕ್ಷೆಯನ್ನೇ ಮಾಡಲಿಲ್ಲ ಎಂದುಕೊಳ್ಳಬೇಡಿ. ಮಾಡಿದೆ. ರೆಕಾರ್ಡರ್ ಚಾಲೂ ಮಾಡಿ, ಗ್ಯಾಲರಿಯಲ್ಲಿದ್ದ ಯಾವುದೋ ವಿಡಿಯೊವನ್ನು ಇಪ್ಪತ್ತು ಸೆಕೆಂಡು ಓಡಿಸಿ, ಅದರ ಮೇಲೆ ನಾನೂ ‘ಹಲೋ, ಹಲೋ’ ಎಂದು ಹೇಳಿ ನಿಲ್ಲಿಸಿದೆ. ಕೇಳಿ ನೋಡಿದರೆ ವಿಡಿಯೊದ ಧ್ವನಿಯೂ ಇತ್ತು, ನನ್ನ ಹಲೋ ಕೂಡ ಇತ್ತು. ನಿಶ್ಚಿಂತೆಯಿಂದ ಮಲಗಿದೆ.

ನಲ್ಲಿಯಲ್ಲಿ ನೀರು ಬಂತೆಂದು ಬಾವಿ ತುಂಬಿದೆ ಎಂದುಕೊಂಡ ಹಾಗಾಯಿತು ಅದು. ನಮ್ಮ ಕಿವಿಗೆ ಫೋನಿನ ಸದ್ದೆಲ್ಲ ಒಂದೇ ಸ್ಪೀಕರಿನಿಂದ ಬರುತ್ತದೆ, ಹಾಗಾಗಿ ಎಲ್ಲವೂ ಒಂದೇ ಎನ್ನಿಸುತ್ತದೆ. ಫೋನಿನ ಒಳಗೆ ಹಾಗಿಲ್ಲ. ಪ್ರತಿಯೊಂದು ಸದ್ದಿಗೂ ಒಂದು ಚೀಟಿ ಅಂಟಿಸಿರುತ್ತದೆ: ಇದು ಹಾಡು ಅಥವಾ ವಿಡಿಯೊ, ಇದು ಆಟ, ಇದು ಅಲಾರಾಂ, ಇದು ಕರೆ. 2019ರ ಆಂಡ್ರಾಯ್ಡ್ 10ರಲ್ಲಿ ಒಂದು ಆ್ಯಪ್‌ನ ಸದ್ದನ್ನು ಇನ್ನೊಂದು ಆ್ಯಪ್ ಒಳಗಿನಿಂದಲೇ ಹಿಡಿಯಲು ದಾರಿ ತೆರೆದಾಗ, ಆ ದಾರಿಯನ್ನು ತೆರೆದದ್ದು ಹಾಡು, ವಿಡಿಯೊ, ಆಟ ಮತ್ತು ಚೀಟಿಯೇ ಇಲ್ಲದ ಸದ್ದುಗಳಿಗೆ ಮಾತ್ರ. ಕರೆಯ ಚೀಟಿ ಇರುವ ಮಾತು ಆ ದಾರಿಯಲ್ಲಿ ಬರುವುದಿಲ್ಲ. ಇದು ದೋಷವಲ್ಲ. ಯಾವುದೋ ಆಟದ ಆ್ಯಪ್ ನಿಮ್ಮ ಕರೆಗಳನ್ನು ಕದ್ದು ಕೇಳದಿರಲೆಂದು ಬೇಕೆಂದೇ ಹಾಕಿದ ಬೀಗ. ಹೋಗಲಿ, ಮೈಕಿನಿಂದಾದರೂ ಸಿಗಬೇಕಿತ್ತಲ್ಲ ಎನ್ನುತ್ತೀರಿ. ಅಲ್ಲಿಯೂ ಅಷ್ಟೇ: ಕರೆಯ ಆ್ಯಪ್ ಮೈಕನ್ನು ಹಿಡಿದುಕೊಂಡಿರುವಾಗ ಸಾಮಾನ್ಯವಾಗಿ ರೆಕಾರ್ಡರಿಗೆ ಸಿಗುವುದು ಬರೀ ಮೌನ. ನನ್ನ ಸ್ವಂತ ಧ್ವನಿಯೂ ಆ ವಿಡಿಯೊದಲ್ಲಿ ಇಲ್ಲದಿರುವುದು ಅದಕ್ಕೇ. ಅಂದರೆ ಹಿಂದಿನ ರಾತ್ರಿ ನಾನು ಪರೀಕ್ಷಿಸಿದ್ದು, ನಾನು ಮಾಡಬೇಕಿದ್ದ ಕೆಲಸವನ್ನೇ ಅಲ್ಲ. ಗೆಳೆಯರೊಬ್ಬರಿಗೆ ಎರಡು ನಿಮಿಷ ಕರೆ ಮಾಡಿ ರೆಕಾರ್ಡ್ ಮಾಡಿದ್ದರೆ ಆಗಲೇ ಎಲ್ಲವೂ ಬಯಲಾಗುತ್ತಿತ್ತು. ಎರಡೇ ನಿಮಿಷ!

ತಪ್ಪಿಗೊಂದು ಬಾಲವೂ ಇದೆ. ಕರೆ ಮುಗಿದ ತಕ್ಷಣ ಫೈಲ್ ತೆರೆದೆ. ದೊಡ್ಡಮ್ಮನ ಮುಖ ಕಂಡಿತು, ಬಾಯಿ ಆಡುತ್ತಿತ್ತು. ಸದ್ದಿರಲಿಲ್ಲ, ಫೋನಿನ ವಾಲ್ಯೂಮ್ ಇಳಿದಿರಬೇಕು ಎಂದುಕೊಂಡು ಮುಚ್ಚಿಟ್ಟೆ. ಮತ್ತೆ ತೆರೆದದ್ದು ಹನ್ನೊಂದು ದಿನಗಳ ನಂತರ. ಮರುದಿನವೇ ನೋಡಿದ್ದರೆ, ನಾಚಿಕೆ ಬಿಟ್ಟು ‘ಇನ್ನೊಮ್ಮೆ ಹೇಳಿ’ ಎನ್ನಬಹುದಿತ್ತು. ಆಲ್ಬಮ್ ಇನ್ನೂ ಅವರ ಕೈಯಲ್ಲೇ ಇತ್ತು, ಮನಸ್ಸೂ ಅದರಲ್ಲೇ ಇತ್ತು.

‘ಆದರೆ ಕರೆಗಳನ್ನು ರೆಕಾರ್ಡ್ ಮಾಡುತ್ತೇವೆ ಎನ್ನುವ ಆ್ಯಪ್‌ಗಳಿವೆಯಲ್ಲ’ ಎಂದು ಯಾರಾದರೂ ನಿಮಗೆ ಹೇಳಿಯೇ ಹೇಳುತ್ತಾರೆ. ಹಿಂದೆ ಅಂಥವು ಅಂಗವಿಕಲರ ಅನುಕೂಲಕ್ಕೆಂದು ಕೊಟ್ಟಿದ್ದ ಅಕ್ಸೆಸಿಬಿಲಿಟಿ ಅನುಮತಿಯ ಹಿಂಬಾಗಿಲಿನಿಂದ ಕರೆಯ ಧ್ವನಿ ಹಿಡಿಯುತ್ತಿದ್ದವು. 2022ರ ಮೇ 11ರಿಂದ ಗೂಗಲ್ ಪ್ಲೇ ಆ ಬಳಕೆಯನ್ನು ನಿಷೇಧಿಸಿತು. ಬೇರೆಲ್ಲಿಂದಲೋ ಇಳಿಸಿಕೊಂಡ ಆ್ಯಪ್‌ಗೆ ಆ ಅನುಮತಿ ಕೊಡುವುದೆಂದರೆ, ಪರದೆಯಲ್ಲಿ ಕಾಣುವುದನ್ನೆಲ್ಲ ಓದಲು ಅಪರಿಚಿತನಿಗೆ ಕೀಲಿಕೈ ಕೊಟ್ಟಂತೆ. ಐಫೋನಿಗೆ ಬದಲಾಯಿಸಿದರೂ ಪಾರಿಲ್ಲ, ಅಲ್ಲಿಯೂ ಸ್ಕ್ರೀನ್ ರೆಕಾರ್ಡಿಂಗ್ ಕರೆಯ ಧ್ವನಿಯನ್ನು ಹಿಡಿಯುವುದಿಲ್ಲ. ಜೂಮ್‌ನಂಥ ಸಭೆಯ ಆ್ಯಪ್‌ಗಳಿಗೆ ತಮ್ಮದೇ ರೆಕಾರ್ಡ್ ಗುಂಡಿ ಇದೆ, ಆದರೆ ಉಚಿತ ಖಾತೆಯಲ್ಲಿ ಅದು ಕಂಪ್ಯೂಟರಿನಲ್ಲಷ್ಟೇ ಕೆಲಸ ಮಾಡುತ್ತದೆ. ಮನೆಯಲ್ಲಿ ಲ್ಯಾಪ್‌ಟಾಪ್ ಇದ್ದರೆ ಅದೇ ಸುಲಭ, ನೋಡಿ.

ಇಲ್ಲದಿದ್ದರೆ ನನ್ನ ಮಾತು ಕೇಳಿ: ನಿಮಗೆ ಬೇಕಾಗಿರುವುದು ಪರದೆಯ ರೆಕಾರ್ಡಿಂಗೇ ಅಲ್ಲ, ಅಜ್ಜನ ಧ್ವನಿ. ಚಿತ್ರವಿಲ್ಲದ ಕಥೆ ಕಥೆಯೇ. ಧ್ವನಿಯಿಲ್ಲದ ಕಥೆ ಏನೆಂದು ನನ್ನನ್ನು ಕೇಳಿ. ಅಜ್ಜನ ಬಳಿ ಇರುವವರು ಯಾರಾದರೂ ತಮ್ಮ ಫೋನಿನಲ್ಲಿ ಮಾಮೂಲಿ ವಾಯ್ಸ್ ರೆಕಾರ್ಡರ್ ಚಾಲೂ ಮಾಡಿ ಅವರಿಂದ ಒಂದೆರಡು ಗೇಣು ದೂರದಲ್ಲಿಡಲಿ. ಮೇಜಿನ ಮೇಲೆ ಬರಿದೇ ಇಡಬಾರದು, ಅಜ್ಜ ಮೇಜು ಕುಟ್ಟಿದಾಗಲೆಲ್ಲ ಗುಡುಗುತ್ತದೆ. ಮಡಿಸಿದ ಟವೆಲಿನ ಮೇಲಿಡಲಿ. ಅಲ್ಲಿಂದ ಹಿಡಿದ ಧ್ವನಿ ನೆಟ್‌ವರ್ಕ್‌ನಲ್ಲಿ ನಲುಗಿ ಬಂದದ್ದಲ್ಲ, ನಡುವೆ ಕರೆ ಕಡಿದರೂ ಕಥೆ ಕಡಿಯುವುದಿಲ್ಲ. ಅಲ್ಲಿ ಯಾರೂ ಇಲ್ಲವೆಂದಾದರೆ, ನಿಮ್ಮ ಕರೆಯನ್ನು ಸ್ಪೀಕರಿಗೆ ಹಾಕಿ ಪಕ್ಕದಲ್ಲಿ ಇನ್ನೊಂದು ಫೋನನ್ನಿಟ್ಟು ರೆಕಾರ್ಡ್ ಮಾಡಿ. ಅಜ್ಜನಿಗೆ ಮೊದಲೇ ಹೇಳಿ, ಗುಟ್ಟಾಗಿ ಮಾಡಬೇಡಿ. ಮೊದಲ ಐದು ನಿಮಿಷ ಗಂಟಲು ಸರಿಮಾಡಿಕೊಂಡು ಭಾಷಣದ ಧಾಟಿಯಲ್ಲಿ ಮಾತನಾಡುತ್ತಾರೆ, ಆಮೇಲೆ ಮರೆತುಬಿಡುತ್ತಾರೆ.

ಮುಖವೂ ಬೇಕೇ ಬೇಕು ಎಂದರೆ ಜೊತೆಗೆ ಪರದೆಯನ್ನೂ ರೆಕಾರ್ಡ್ ಮಾಡಿಕೊಳ್ಳಿ, ಬೇಡವೆನ್ನುವುದಿಲ್ಲ. ‘ಅಡಚಣೆ ಮಾಡಬೇಡಿ’ ಆನ್ ಮಾಡಿ, ಚಾರ್ಜರ್ ಸಿಕ್ಕಿಸಿ, ಜಾಗ ಖಾಲಿ ಇದೆಯೇ ನೋಡಿ. ಸೆಕೆಂಡಿಗೆ 8 ಮೆಗಾಬಿಟ್‌ನಂತೆ ಹಿಡಿಯುವ ರೆಕಾರ್ಡರ್ ಒಂದು ಗಂಟೆಗೆ 3.6 ಜಿಬಿ ನುಂಗುತ್ತದೆ. ರೆಕಾರ್ಡಿಂಗ್ ಉಳಿಯುವ ಎಂಪಿ4 ಫೈಲಿನ ಸೂಚಿ, ಅಂದರೆ ಒಳಗೆ ಏನು ಎಲ್ಲಿದೆ ಎನ್ನುವ ಪಟ್ಟಿ, ಸಾಮಾನ್ಯವಾಗಿ ಕೊನೆಯಲ್ಲಿ ಬರೆಯಲ್ಪಡುವುದರಿಂದ, ನಡುವೆ ಫೋನ್ ಆರಿಹೋದರೆ ಅಷ್ಟೂ ಫೈಲ್ ತೆರೆಯದೇ ಹೋಗಬಹುದು. ಶುರುವಿನಲ್ಲಿ ಅಜ್ಜನಿಗೆ ಒಮ್ಮೆ ಚಪ್ಪಾಳೆ ತಟ್ಟಲು ಹೇಳಿ, ಆಮೇಲೆ ಧ್ವನಿಯನ್ನೂ ಚಿತ್ರವನ್ನೂ ಆ ಚಪ್ಪಾಳೆಗೆ ಹೊಂದಿಸಬಹುದು. ಸ್ಕ್ರೀನ್ ರೆಕಾರ್ಡಿಂಗ್‌ನಲ್ಲಿ ಫ್ರೇಮುಗಳ ವೇಗ, ಅಂದರೆ ಸೆಕೆಂಡಿಗೆ ಎಷ್ಟು ಚಿತ್ರ ಎನ್ನುವುದು, ಒಂದೇ ಸಮನೆ ಇರುವುದಿಲ್ಲ. ಎಡಿಟ್ ಮಾಡುವಾಗ ತುಟಿಗೂ ಮಾತಿಗೂ ತಾಳ ತಪ್ಪಿದರೆ ಮೊದಲು ಹ್ಯಾಂಡ್‌ಬ್ರೇಕ್‌ನಂಥ ತಂತ್ರಾಂಶದಲ್ಲಿ ವೇಗವನ್ನು ಸಮ ಮಾಡಿಕೊಳ್ಳಿ. ಮುಗಿದ ಕೂಡಲೇ ಆರಂಭ, ನಡು, ಕೊನೆ ಮೂರನ್ನೂ ಕಿವಿಗೊಟ್ಟು ಕೇಳಿ, ಬರೀ ನೋಡಬೇಡಿ.

ದೊಡ್ಡಮ್ಮನಿಗೆ ನಾನು ಮತ್ತೆ ಕರೆ ಮಾಡಿದೆ, ಈ ಸಲ ಪಕ್ಕದಲ್ಲಿ ಎರಡನೆಯ ಫೋನ್ ಇಟ್ಟುಕೊಂಡು. ಆಲ್ಬಮ್ ಅಷ್ಟರಲ್ಲಿ ಅವರ ಮಗಳ ಮನೆ ಸೇರಿತ್ತು. ‘ಹೇಳಿದ್ದೆನಲ್ಲ ಅವತ್ತೇ’ ಎಂದು ಗೊಣಗಿದರು. ಆದರೂ ಹತ್ತು ನಿಮಿಷದಲ್ಲಿ ಯಾರು ಯಾರ ಮಗ, ಯಾರು ಯಾರನ್ನು ಮದುವೆಯಾದರು ಎಂದು ಹಾಜರಿ ಕರೆದ ಹಾಗೆ ಹೇಳಿ ಮುಗಿಸಿದರು. ಮೂಕ ವಿಡಿಯೊದ 31ನೇ ನಿಮಿಷದಲ್ಲಿ ಅವರು ಒಂದು ಫೋಟೊವನ್ನು ಕ್ಯಾಮೆರಾಕ್ಕೆ ತಾಗುವಷ್ಟು ಹತ್ತಿರ ಹಿಡಿಯುತ್ತಾರೆ. ಸೈಕಲ್ ಹಿಡಿದು ನಿಂತ ಒಬ್ಬ ಹುಡುಗ, ಹಿಂದೆ ಅರ್ಧ ಮಾತ್ರ ಕಾಣುವ ಯಾರದೋ ಕೈ. ಆ ಕೈಯ ಮೇಲೆ ಬೆರಳಿಟ್ಟು ಎರಡು ಸಲ ತಟ್ಟುತ್ತಾರೆ, ಏನೋ ಹೇಳುತ್ತಾರೆ, ಆಮೇಲೆ ಹೊಟ್ಟೆ ಹಿಡಿದುಕೊಂಡು ನಗುತ್ತಾರೆ. ಅದು ಯಾರ ಕೈ ಎಂದು ಎರಡನೆಯ ಕರೆಯಲ್ಲಿ ಕೇಳಿದೆ.

‘ಯಾವ ಕೈ?’ ಎಂದರು.